ಚಾಮಯ್ಯನ ಮಟ್ಟಿ, ದಿವಾನನ ಕಜ್ಜಿ

ಲಷ್ಕರ್ ಮೊಹಲ್ಲಾದ ಗರಡಿ ಚಾಮಯ್ಯನಿಗೆ ಲೋಕದಲ್ಲಿ ಎರಡೇ ರೋಗಗಳು ಗೊತ್ತಿದ್ದವು. ಒಂದು ಉಷ್ಣದಿಂದ ಬರುವಂಥದ್ದು, ಇನ್ನೊಂದು ಗರಡಿಗೆ ಬಾರದೆ ಮನೆಯಲ್ಲಿ ಬಿದ್ದುಕೊಂಡಿರುವುದರಿಂದ ಬರುವಂಥದ್ದು. ಎರಡಕ್ಕೂ ಅವನ ಬಳಿ ಇದ್ದ ಮದ್ದು ಒಂದೇ, ಮಟ್ಟಿ.

ಮಟ್ಟಿ ಎಂದರೆ ಕುಸ್ತಿ ಅಖಾಡದ ಕೆಮ್ಮಣ್ಣು. ಅದನ್ನು ಬರೀ ಮಣ್ಣು ಎಂದವರನ್ನು ಚಾಮಯ್ಯ ಮತ್ತೆ ಮಾತಾಡಿಸುತ್ತಿರಲಿಲ್ಲ. ಜರಡಿ ಹಿಡಿದು, ಹರಳು ಆರಿಸಿ, ಅರಿಶಿನ, ಕರ್ಪೂರ, ನಿಂಬೆರಸ, ಹುಳಿಮಜ್ಜಿಗೆ, ಎಳ್ಳೆಣ್ಣೆ ಹಾಕಿ, ಕಾಲಲ್ಲಿ ತುಳಿದು ಹದಕ್ಕೆ ತಂದ ಮಣ್ಣು ಅದು. ಶನಿವಾರ ಬಂತೆಂದರೆ ಅದನ್ನು ಗುಡ್ಡೆ ಮಾಡಿ, ಮೇಲೆ ಎಕ್ಕದ ಹೂವಿಟ್ಟು, ಆಂಜನೇಯನ ಪಟದ ಮುಂದೆ ಮಂಗಳಾರತಿ ಆಗಬೇಕು. ಗರಡಿಯೊಳಗೆ ಹೆಂಗಸರು ಬರುವಂತಿಲ್ಲ, ಚಪ್ಪಲಿ ಬರುವಂತಿಲ್ಲ, ನಾಯಿಯ ಮಾತಂತೂ ಎತ್ತುವಂತೆಯೇ ಇಲ್ಲ.

ಹಲ್ಲುನೋವೆಂದು ಬಂದವರ ದವಡೆಗೆ ಅವನು ಮಟ್ಟಿ ಹಚ್ಚಿದ್ದಾನೆ. ಪರೀಕ್ಷೆಯಲ್ಲಿ ಫೇಲಾದ ಹುಡುಗನ ನೆತ್ತಿಗೂ ಹಚ್ಚಿದ್ದಾನೆ. ಮದುವೆಯಾದ ಹೊಸತರಲ್ಲಿ ಅತ್ತೆಯ ಮಂಡಿಗೆ ಮೆತ್ತಿದ್ದ. ಮಂಡಿನೋವು ಹೋಯಿತೋ ಇಲ್ಲವೋ, ಅತ್ತೆಯಂತೂ ಮಾರನೆಯ ದಿನವೇ ಊರಿಗೆ ಹೋದವರು ಮತ್ತೆ ಮಗಳ ಮನೆಯ ಕಡೆ ತಲೆ ಹಾಕಲಿಲ್ಲ. ಚಾಮಯ್ಯ ಅದನ್ನೂ ಮಟ್ಟಿಯ ಮಹಿಮೆಗೇ ಸೇರಿಸಿಕೊಂಡ.

ಇಲವಾಲದ ಕಡೆಯ ಹಳ್ಳಿಯೊಂದರಿಂದ ಮೀಸೆ ಮೂಡುವ ವಯಸ್ಸಿಗೆ ಮೈಸೂರಿಗೆ ಬಂದವನು ಅವನು. ಹಗಲು ಬೀರಯ್ಯನವರ ಸೌದೆ ಡಿಪೋದಲ್ಲಿ ಕೆಲಸ, ಬೆಳಿಗ್ಗೆ ಸಂಜೆ ಗರಡಿ. ಕುಸ್ತಿಯಲ್ಲಿ ಅವನಿಗೆ ‘ಹಿಡಿತದ ಚಾಮಯ್ಯ’ ಎಂದು ಹೆಸರಿತ್ತು. ಹಿಡಿದರೆ ಎದುರಾಳಿ ಬಿಡಿಸಿಕೊಳ್ಳುವಂತಿರಲಿಲ್ಲ, ಅದು ನಿಜ. ಆದರೆ ಹಿಡಿದ ಮೇಲೆ ಏನು ಮಾಡಬೇಕು ಎಂಬುದು ಚಾಮಯ್ಯನಿಗೂ ಹೊಳೆಯುತ್ತಿರಲಿಲ್ಲ. ಅವನ ಜೋಡಿಯ ಪಂದ್ಯ ಶುರುವಾದರೆ ಜನ ಎದ್ದು ಹೋಗಿ ಕಾಫಿ ಕುಡಿದು, ಎಲೆಅಡಿಕೆ ಹಾಕಿಕೊಂಡು ಬಂದು ಕೂರುತ್ತಿದ್ದರು; ಜನ ಎದ್ದು ಹೋದಾಗ ಹೇಗಿದ್ದರೋ ಇಬ್ಬರೂ ಹಾಗೇ ಇರುತ್ತಿದ್ದರು. ಕೊನೆಗೆ ತೀರ್ಪುಗಾರರಿಗೆ ಬೇಸರ ಬಂದು ಸಮ ಎನ್ನುತ್ತಿದ್ದರು. ಹೀಗೆ ಸೋಲದೆ, ಗೆಲ್ಲದೆ, ಸಮನಾಗಿಯೇ ಅವನ ಕುಸ್ತಿ ಮುಗಿಯಿತು. ಅವನ ಮಂಡಿ ಕೈಕೊಟ್ಟ ಮೇಲೆ, ಅವನಿಗೆ ಕುಸ್ತಿ ಕಲಿಸಿದ ಹಳೆಯ ಉಸ್ತಾದರು ಗರಡಿಯ ಬೀಗದ ಕೈಯನ್ನು ಅವನಿಗೆ ಕೊಟ್ಟು ಕಣ್ಣು ಮುಚ್ಚಿದರು. ಅಂದಿನಿಂದ ಆ ಮಣ್ಣೇ ಅವನ ದೇವರು, ಸಂಸಾರ, ಕಾಲಕ್ಷೇಪ ಎಲ್ಲ.

ನಿಜವಾದ ಸಂಸಾರ ಎಂದರೆ ಹೆಂಡತಿ ದೇವೀರಮ್ಮ. ಮಕ್ಕಳಿರಲಿಲ್ಲ. ಗರಡಿಯ ಹಿಂದಿನ ಎರಡಂಕಣದ ಮನೆಯಲ್ಲಿ ಇಬ್ಬರೇ ಇದ್ದರು. ಗರಡಿಯೊಳಗೆ ಕಾಲಿಡದ ದೇವೀರಮ್ಮ ಗರಡಿಯ ಮಣ್ಣನ್ನು ಮಾತ್ರ ಪ್ರತಿದಿನ ಗಂಡನ ಲಂಗೋಟಿಯಿಂದ ಒಗೆದು ಒಗೆದು ಚರಂಡಿಗೆ ಬಿಡುತ್ತಿದ್ದಳು. ಹೀಗಾಗಿ ಅವಳಿಗೆ ಅದರ ಮೇಲೆ ಗಂಡನಿಗಿದ್ದಷ್ಟು ಭಕ್ತಿ ಇರಲಿಲ್ಲ.

ಆ ಮನೆಗೆ ಬಂದು ಸೇರಿದ್ದು ದಿವಾನ. ದೇವರಾಜ ಮಾರ್ಕೆಟ್ಟಿನಿಂದ ತರಕಾರಿ ತರುವಾಗ ದೇವೀರಮ್ಮನ ಬೆನ್ನು ಹತ್ತಿ ಬಂದ ಕಂದುಬಣ್ಣದ ಬೀದಿನಾಯಿ. ಬಂದವನೇ ಜಗಲಿ ಹತ್ತಿ, ಮುಂಗಾಲಿನ ಮೇಲೆ ಮುಂಗಾಲು ಹಾಕಿಕೊಂಡು, ಬೀದಿಯಲ್ಲಿ ಹೋಗಿಬರುವವರನ್ನು ಅರ್ಜಿ ಹಿಡಿದು ಬಂದವರನ್ನು ನೋಡುವ ಹಾಗೆ ನೋಡುತ್ತ ಕೂತ. ಆಗ ಸಂಸ್ಥಾನ ಹೋಗಿ, ದಿವಾನಗಿರಿಯೂ ಹೋಗಿ, ನಾಲ್ಕಾರು ವರ್ಷವಾಗಿತ್ತು.

“ಕೆಲ್ಸ ಹೋದ ದಿವಾನ್ರು ಕಣ್ರೀ, ಪಾಪ, ಎಲ್ಗೋಯ್ತಾರೆ, ಇರ್ಲಿ ಬುಡಿ,” ಎಂದಳು ದೇವೀರಮ್ಮ.

ಚಾಮಯ್ಯ ಬೇಡ ಎನ್ನಲಿಲ್ಲ. ಆದರೆ ಗರಡಿಯ ಮನುಷ್ಯ ನಾಯಿ ಮುಟ್ಟಿದರೆ ಸ್ನಾನ ಮಾಡದೆ ಅಖಾಡಕ್ಕೆ ಇಳಿಯುವಂತಿಲ್ಲ ಎಂಬುದು ಅವನ ನೇಮ. ಆದ್ದರಿಂದ ಅವನು ದಿವಾನನನ್ನು ಮಾರುದ್ದ ದೂರದಿಂದಲೇ ಸಾಕಿದ. ಅನ್ನವನ್ನು ಕೋಲಿನ ತುದಿಯಿಂದ ತಳ್ಳುತ್ತಿದ್ದ, ಬುದ್ಧಿಮಾತನ್ನು ಬಾಗಿಲಲ್ಲಿ ನಿಂತು ಹೇಳುತ್ತಿದ್ದ. ದಿವಾನನೂ ಅದನ್ನು ಸರ್ಕಾರದ ಸುತ್ತೋಲೆ ಎಂಬಂತೆ ಕೇಳಿಸಿಕೊಂಡು ಮರೆತುಬಿಡುತ್ತಿದ್ದ.

ಬಂದ ಎರಡನೆಯ ವರ್ಷದ ಶ್ರಾವಣದ ಹೊತ್ತಿಗೆ ದಿವಾನನಿಗೆ ಕೆರೆತ ಶುರುವಾಯಿತು. ಮೊದಲು ಕಿವಿಯ ಅಂಚಿನಲ್ಲಿ ಹೊಟ್ಟು ಕಟ್ಟಿತು. ಆಮೇಲೆ ಮೊಣಕೈ, ಹಿಂಗಾಲಿನ ಹಿಮ್ಮಡಿ, ಹೊಟ್ಟೆಯ ಕೆಳಗೆ ಕೂದಲುದುರಿ ಚರ್ಮ ಕೆಂಪಾಗಿ, ದಪ್ಪಗಾಗಿ, ಅಲ್ಲಲ್ಲಿ ಹಕ್ಕಳೆ ಎದ್ದಿತು. ಉಣ್ಣುವಾಗ ಅರ್ಧಕ್ಕೆ ಬಿಟ್ಟು ಕೆರೆದುಕೊಳ್ಳುತ್ತಿದ್ದ, ಮಲಗಿದವನು ಎದ್ದು ಕೂತು ಕೆರೆದುಕೊಳ್ಳುತ್ತಿದ್ದ. ಆ ಗತ್ತಿನ ದಿವಾನ ಗೋಡೆಗೆ ಮೈ ಉಜ್ಜುತ್ತ ನಿಂತದ್ದನ್ನು ನೋಡಲಾರದೆ ದೇವೀರಮ್ಮ ಗಂಡನನ್ನು ಕೂಗಿದಳು.

ಚಾಮಯ್ಯ ಬಾಗಿಲಲ್ಲಿ ನಿಂತೇ ರೋಗ ಕಂಡುಹಿಡಿದ. “ಉಷ್ಣ.”

ಅಂದಿನಿಂದ ದಿವಾನನಿಗೆ ಮಜ್ಜಿಗೆ, ನೆನೆಸಿದ ಮೆಂತ್ಯ, ಎಳನೀರು. ಮಜ್ಜಿಗೆಯನ್ನು ದಿವಾನ ಖುಷಿಯಾಗಿ ಕುಡಿದ, ಮೆಂತ್ಯವನ್ನು ಮೂಸಿ ಬಿಟ್ಟ, ಎಳನೀರನ್ನು ಚಾಮಯ್ಯನೇ ಕುಡಿದ. ಕೆರೆತ ಹೆಚ್ಚಾಯಿತು. ಎದುರುಮನೆಯವರು ಇದು ನಾಗರದೋಷ, ಹಾಲೆರೆಯಿರಿ ಎಂದರು. ನಾಯಿಯ ಜಾತಕ ಯಾರ ಬಳಿಯೂ ಇಲ್ಲದ್ದರಿಂದ ಆ ಮಾತು ಅಲ್ಲಿಗೇ ನಿಂತಿತು.

ಉಳಿದದ್ದು ಮಟ್ಟಿ. ಒಂದು ಬುಟ್ಟಿ ಮಣ್ಣನ್ನು ಹಿತ್ತಲಿಗೆ ತಂದು ನಾಯಿಯ ಮೇಲೆ ಎರಚಿ ನೋಡಿದ, ಗುಣ ಕಾಣಲಿಲ್ಲ. ಮಣ್ಣಿನ ಸತ್ವ ಇರುವುದು ಅಖಾಡದ ಗುಂಡಿಯಲ್ಲೇ, ಹೊರಗೆ ತಂದರೆ ಅದು ಸಪ್ಪೆಯಾಗುತ್ತದೆ ಎಂದು ಚಾಮಯ್ಯನಿಗೆ ಹೊಳೆಯಿತು. ನಾಯಿಯನ್ನು ಗರಡಿಯೊಳಕ್ಕೆ? ಹಳೆಯ ಉಸ್ತಾದರು ಸ್ವರ್ಗದಿಂದ ಇಳಿದು ಬಂದು ಕಪಾಳಕ್ಕೆ ಬಿಗಿದಾರು. ಆದರೂ ಒಂದು ಮಧ್ಯಾಹ್ನ, ಮೊಹಲ್ಲಾವೆಲ್ಲ ಊಟ ಮುಗಿಸಿ ಅಡ್ಡಾದಾಗ, ದಿವಾನನ ಕೊರಳಿಗೆ ಕೋಲಿನ ತುದಿಯಿಂದ ಉದ್ದನೆಯ ಹಗ್ಗದ ಕುಣಿಕೆ ಹಾಕಿ, ಹಿಂಬಾಗಿಲಿಂದ ಒಳಗೆ ಕರೆದೊಯ್ದ. ಆಂಜನೇಯನ ಪಟಕ್ಕೆ ತನ್ನ ಟವೆಲು ಮರೆಮಾಡಿದ. ದೂರ ನಿಂತು ಗುದ್ದಲಿಯಲ್ಲಿ ಮಟ್ಟಿ ಎತ್ತಿ ಎತ್ತಿ ನಾಯಿಯ ಮೇಲೆ ಹಾಕಿದ. ತಂಪು ಮಣ್ಣು ಮೈಗೆ ಬಿದ್ದದ್ದೇ ದಿವಾನ ನಾಲ್ಕೂ ಕಾಲು ಮೇಲೆತ್ತಿ ಹೊರಳಾಡಿದ. ಇಷ್ಟು ಚೆನ್ನಾಗಿ ಹೊರಳುವ ಶಿಷ್ಯ ತನಗೆ ಒಬ್ಬನೂ ಸಿಕ್ಕಿಲ್ಲವಲ್ಲ ಎಂದು ಚಾಮಯ್ಯನಿಗೆ ಅನ್ನಿಸಿತು.

ಹದಿನೈದು ದಿನ ಕಳೆಯುವುದರೊಳಗೆ ಗರಡಿಯ ಪೈಲ್ವಾನರು ಒಬ್ಬೊಬ್ಬರಾಗಿ ಕೆರೆದುಕೊಳ್ಳತೊಡಗಿದರು.

ಮೊದಲು ಶುರುವಾದದ್ದು ಮಹದೇವುಗೆ. ಅವನು ಆ ಗರಡಿಯ ಆಶಾಕಿರಣ, ದಸರಾ ಕುಸ್ತಿಗೆ ಮಂಡ್ಯದ ಪೈಲ್ವಾನನ ಮೇಲೆ ಜೋಡಿ ಕಟ್ಟಿಸಿಕೊಂಡಿದ್ದ ಹುಡುಗ. “ಚಾಮಣ್ಣ, ಯಾಕೋ ಮೈಯೆಲ್ಲ ನವೆ ಕಣಣ್ಣ. ಅಖಾಡ್ದಲ್ಲಿ ಇದ್ನ ನೋಡುದ್ರೆ ನನ್ನ ಇಳಿಯೋಕ್ ಬುಟ್ಟಾರಾ?” ಎಂದ. “ಉಷ್ಣ ಕಣ್ಲಾ,” ಎಂದು ಚಾಮಯ್ಯನ ಬಾಯಿ ಹೇಳಿತು, ಮನಸ್ಸು ಮಾತ್ರ ಆ ಮಧ್ಯಾಹ್ನವನ್ನೇ ನೆನೆಯುತ್ತಿತ್ತು. ಮಟ್ಟಿ ಕೆಟ್ಟಿತು, ಕೆಡಿಸಿದವನು ನಾನು ಎಂದು ಅವನು ಊಟ ಬಿಟ್ಟ. ದೇವೀರಮ್ಮನ ಮುಂಗೈಯಲ್ಲೂ ಕೆಂಪು ಗುಳ್ಳೆಗಳೆದ್ದು ವಾರಗಳೇ ಆಗಿದ್ದವು. ಅವಳು ಎರಡು ಸಲ ತೋರಿಸಿದ್ದಳು. ಅವನು ಎರಡು ಸಲವೂ ಮಜ್ಜಿಗೆ ಕುಡಿ ಎಂದಿದ್ದ.

ಶನಿವಾರದ ಪೂಜೆಗೆ ಬೀರಯ್ಯನವರು ಬಂದರು. ಗರಡಿಯ ಯಜಮಾನರು, ಸೌದೆ ಡಿಪೋದ ಮಾಲೀಕರು, ಜರಿ ಪೇಟ, ಕ್ಲೋಸ್ ಕಾಲರ್ ಕೋಟು, ಜೇಬಲ್ಲಿ ನಶ್ಯದ ಡಬ್ಬಿ. ಹೆಂಡತಿ ತೀರಿಕೊಂಡ ಮೇಲೆ ಮಾತು ಕಡಿಮೆಯಾಗಿ ಗದರಿಕೆ ಹೆಚ್ಚಾಗಿತ್ತು. ಮಂಗಳಾರತಿ ತೆಗೆದುಕೊಳ್ಳಲು ಬಗ್ಗಿದವರು ಹಾಗೇ ನಿಂತರು. ಅಖಾಡದ ಮೂಲೆಯಲ್ಲಿ, ಚಾಮಯ್ಯ ಸಮ ಮಾಡಲು ಮರೆತ ಜಾಗದಲ್ಲಿ, ಒಣಗಿದ ಮಣ್ಣಿನ ಮೇಲೆ ನಾಯಿಯ ಹೆಜ್ಜೆ ಅಚ್ಚೊತ್ತಿತ್ತು.

“ಯಾವ ಪೈಲ್ವಾನ್ದಯ್ಯ ಈ ಪಾದ?” ಎಂದರು ಬೀರಯ್ಯನವರು.

ಮಹದೇವು ಕತ್ತು ಕೆರೆದುಕೊಂಡ.

“ನಿನ್ ನಾಯಿ ಕಜ್ಜಿ ಗರಡಿಗ್ ಬಂತು, ಗರಡಿಯಿಂದ ಈ ಹುಡುಗ್ರಿಗ್ ಬಂತು. ಸೋಮ್ವಾರ ಎಲ್ರೂ ಸೇರೋಣ. ಅಷ್ಟ್ರಲ್ಲಿ ಆ ನಾಯಿ ಮುನ್ಸಿಪಾಲ್ಟಿ ಗಾಡಿ ಹತ್ತಿರ್ಬೇಕು. ಇಲ್ಲ, ಬೀಗದ ಕೈ ತಂದು ನನ್ ಮುಂದೆ ಮಡಗ್ಬೇಕು. ಎರಡ್ರಲ್ಲಿ ಒಂದು ಕಣಯ್ಯ ಚಾಮಯ್ಯ.”

ಮುನಿಸಿಪಾಲಿಟಿಯ ನಾಯಿಗಾಡಿ ಹತ್ತಿದ ಕಜ್ಜಿನಾಯಿ ಮತ್ತೆ ಇಳಿದು ಬಂದದ್ದನ್ನು ಮೊಹಲ್ಲಾದಲ್ಲಿ ಯಾರೂ ಕಂಡವರಿಲ್ಲ. ಚಾಮಯ್ಯ ಮನೆಗೆ ಬಂದು ನಡುಮನೆಯ ಕಂಬಕ್ಕೆ ಒರಗಿ ಕೂತ. ನಾಯಿಯನ್ನು ಕೊಟ್ಟರೆ ಹೆಂಡತಿಯ ಮುಖ ನೋಡುವಂತಿಲ್ಲ, ಬೀಗದ ಕೈ ಕೊಟ್ಟರೆ ತನ್ನ ಮುಖವನ್ನೇ ನೋಡಿಕೊಳ್ಳುವಂತಿಲ್ಲ. ಎಲ್ಲವನ್ನೂ, ಟವೆಲು ಮರೆಮಾಡಿದ್ದನ್ನೂ ಬಿಡದೆ ಹೇಳಿದ.

ದೇವೀರಮ್ಮ ಅಳಲಿಲ್ಲ, ಕೂಗಾಡಲಿಲ್ಲ. “ಸೋಮ್ವಾರ ತಾನೆ? ಬೆಳಿಗ್ಗೇನೆ ದನದ ಆಸ್ಪತ್ರೆಗ್ ಹೋಗ್ಬತ್ತೀನಿ,” ಎಂದಳು.

“ಇದು ನಾಯಿ ಕಣೇ.”

“ದನ ನೋಡೋರು ನಾಯಿ ನೋಡಲ್ವಾ? ನೀವು ಮನುಷ್ರನ್ನೂ ನಾಯೀನೂ ಒಂದೇ ಮಣ್ಣಲ್ಲಿ ನೋಡ್ಲಿಲ್ವಾ?”

ಸೋಮವಾರ ಬೆಳಿಗ್ಗೆ ದೇವೀರಮ್ಮ ಹಳೆಯ ಸೀರೆಯಂಚಿನ ಹಗ್ಗ ಹಿಡಿದು ಮುಂದೆ, ದಿವಾನ ನಡುವೆ, ಮಾರುದ್ದ ಹಿಂದೆ ಚಾಮಯ್ಯ. ಯಾರಾದರೂ ಪರಿಚಯದವರು ಎದುರಾದರೆ ಅವನು ಅಂಗಡಿ ಬೋರ್ಡು ಓದುತ್ತ ನಿಂತುಬಿಡುತ್ತಿದ್ದ.

ಡಾಕ್ಟರು ಸದಾಶಿವಯ್ಯ ಎಂಬುವರು. ಸಣ್ಣ ಆಳು, ದಪ್ಪ ಕನ್ನಡಕ, ಎಮ್ಮೆಗಳ ಜೊತೆ ಮಾತಾಡಿ ಮಾತಾಡಿ ತಾಳ್ಮೆ ಬಂದಿದ್ದ ದನಿ. ದಿವಾನನನ್ನು ಬೆಳಕಿಗೆ ನಿಲ್ಲಿಸಿ, ಕೂದಲನ್ನು ಹಿಂದುಮುಂದಾಗಿ ಸವರಿ ನೋಡಿದರು. “ಎಷ್ಟು ದಿನದಿಂದ? ಮೊದಲು ಎಲ್ಲಿ ಶುರುವಾಯ್ತಮ್ಮ?” ದೇವೀರಮ್ಮ ಕಿವಿಯಂಚು ತೋರಿಸಿದಳು. ಡಾಕ್ಟರು ಆ ಕಿವಿಯ ಅಂಚನ್ನು ಮಡಿಸಿ, ಎರಡು ಬೆರಳಿನ ನಡುವೆ ಮೆಲ್ಲಗೆ ಉಜ್ಜಿದರು. ಉಜ್ಜಿದ್ದೇ ತಡ, ದಿವಾನನ ಹಿಂಗಾಲು ತಾನೇ ತಾನಾಗಿ ಗಾಳಿಯಲ್ಲಿ ಪರಪರ ಕೆರೆಯತೊಡಗಿತು. ಬಿಟ್ಟರೆ ನಿಂತಿತು. ಮತ್ತೆ ಉಜ್ಜಿದರೆ ಮತ್ತೆ ಶುರು.

“ಕೀಲಿ ಕೊಟ್ಟಂಗಾಯ್ತದಲ್ಲ ಬುದ್ಧಿ!” ಎಂದ ಚಾಮಯ್ಯ ಬಾಗಿಲಿಂದ.

“ಇದೇ ಗುರುತು,” ಎಂದರು ಡಾಕ್ಟರು. “ಚಿಗಟ ಆಗಿದ್ರೆ ಬೆನ್ನು, ಬಾಲದ ಬುಡ ಕಚ್ಕೊಳ್ತಿತ್ತು. ಹುಳುಕಡ್ಡಿ ಆಗಿದ್ರೆ ಬಿಲ್ಲೆ ಇಟ್ಟ ಹಾಗೆ ದುಂಡಗೆ ಕೂದಲು ಹೋಗ್ತಿತ್ತು, ಇಷ್ಟೊಂದು ಕೆರೆತ ಇರ್ತಿರ್ಲಿಲ್ಲ. ಇದು ಕಿವಿ ಅಂಚು, ಮೊಣಕೈ, ಹೊಟ್ಟೆ. ಇದು ಕಜ್ಜಿ ಹುಳ.”

“ಉಷ್ಣ ಅಲ್ವಾ?”

“ಉಷ್ಣಕ್ಕೆ ಕಾಲಿರಲ್ಲಪ್ಪ. ಇದಕ್ಕೆ ಎಂಟಿದೆ.”

ಮೊಂಡು ಚಾಕುವಿನಿಂದ ಮೊಣಕೈಯ ಹಕ್ಕಳೆಯನ್ನು ಕೆರೆದು, ಗಾಜಿನ ತುಂಡಿನ ಮೇಲಿಟ್ಟು, ಸೂಕ್ಷ್ಮದರ್ಶಕದ ಕೆಳಗೆ ತಳ್ಳಿದರು. ತಾವು ನೋಡಿ, ಚಾಮಯ್ಯನನ್ನೂ ಕರೆದರು. ಚಾಮಯ್ಯ ಒಂದು ಕಣ್ಣು ಮುಚ್ಚಿ, ಬಾಯಿ ತೆರೆದು ನೋಡಿದ. ಕತ್ತಿಲ್ಲದ, ಗುಂಡಗಿನ, ಗಿಡ್ಡ ಕಾಲಿನ ಪ್ರಾಣಿಯೊಂದು ಮೆಲ್ಲಗೆ ಮಿಸುಕಾಡುತ್ತಿತ್ತು.

“ಥೇಟು ನಮ್ ಯಜಮಾನ್ರು ಕೋಟ್ ಹಾಕ್ಕೊಂಡಂಗೇ ಅದೆ,” ಎಂದವನು ತಕ್ಷಣ ನಾಲಿಗೆ ಕಚ್ಚಿಕೊಂಡ.

ಆಮೇಲೆ ಮೆಲ್ಲಗೆ ಮಟ್ಟಿಯ ಮಾತೆತ್ತಿದ. ನಾಯಿ ಹೊರಳಿದ ಮಣ್ಣಲ್ಲಿ ಪೈಲ್ವಾನರು ಹೊರಳಿದರಲ್ಲ, ಆ ಮಣ್ಣು ಹಾಳಾಯಿತೇ, ಇಷ್ಟು ವರ್ಷದ ಮಣ್ಣನ್ನು ತೋಡಿ ಎಸೆಯಬೇಕೇ ಎಂದು ಕೇಳಿದ.

ಡಾಕ್ಟರು ಉತ್ತರ ಹೇಳದೆ ದೇವೀರಮ್ಮನ ಕೈ ನೋಡಿದರು. ಮುಂಗೈಯ ಒಳಬದಿಯಲ್ಲಿ ಗುಳ್ಳೆಗಳ ಸಾಲು. “ನಾಯಿನ ಹೀಗೆ ಎತ್ಕೊಳ್ತೀಯಾ?” ಎಂದು ಎರಡು ತೋಳನ್ನೂ ತೊಟ್ಟಿಲಿನ ಹಾಗೆ ಹಿಡಿದು ತೋರಿಸಿದರು. ದೇವೀರಮ್ಮ ನಾಚಿಕೊಂಡು ಹೂಂ ಎಂದಳು.

“ಈ ಹುಳಕ್ಕೆ ನಾಯಿ ಚರ್ಮವೇ ಮನೆ. ಮನುಷ್ಯರ ಮೈಗೆ ಬಂದ್ರೆ ಕಚ್ಚುತ್ತೆ, ಕೆರೆಸುತ್ತೆ, ಆದ್ರೆ ಸಂಸಾರ ಹೂಡಲ್ಲ. ನಾಯಿ ಗುಣ ಆದ್ರೆ ನಿಮ್ಮ ಕೆರೆತ ತಾನೇ ಹೋಗುತ್ತೆ. ಇನ್ನು ಮಣ್ಣು. ನಾಯಿ ಹೊರಳಿದ ಜಾಗದಲ್ಲಿ ಒಂದೆರಡು ದಿನ ಬದುಕಿದ್ರೆ ಹೆಚ್ಚು, ಬಿಸಿಲು ಬಿದ್ರೆ ಅದೂ ಇಲ್ಲ. ಪೈಲ್ವಾನ್ರ ಮೈ ನೋಡಪ್ಪ. ಮಣ್ಣಿಂದ ಬಂದಿದ್ರೆ ಹೊರಳಿದ ಬೆನ್ನೆಲ್ಲ ಆಗಿರ್ಬೇಕು. ನಾಯಿ ಮೈ ಎಲ್ಲಿ ತಾಗಿದ್ಯೋ ಅಲ್ಲಿ ಮಾತ್ರ ಆಗಿದ್ರೆ, ಅದು ಮಣ್ಣಿಂದಲ್ಲ, ಮುದ್ದಿಂದ.”

ಚಾಮಯ್ಯ ಆ ಮಾತನ್ನು ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡು ಬಂದ.

ಸಂಜೆ ಗರಡಿಯ ಜಗಲಿಯ ಮೇಲೆ ಎಲ್ಲರೂ ಸೇರಿದರು. ಬೀರಯ್ಯನವರು ನಡುವೆ ಕಂಬಳಿಯ ಮೇಲೆ ಕೂತಿದ್ದರು. ಕೆಳಗೆ ಬೀದಿಯಲ್ಲಿ, ಗರಡಿಯ ಗಡಿಯಿಂದ ಒಂದು ಗೇಣು ಆಚೆ, ದಿವಾನನ ಹಗ್ಗ ಹಿಡಿದು ದೇವೀರಮ್ಮ ನಿಂತಿದ್ದಳು. ಗಾಡಿಗೋ ಮನೆಗೋ ಎಂಬುದು ಗೊತ್ತಿಲ್ಲದ ದಿವಾನ ಎಲ್ಲರನ್ನೂ ಕಂಡು ಬಾಲ ಆಡಿಸುತ್ತಿದ್ದ.

“ಏನ್ ತಂದಿದೀಯಪ್ಪ? ಬೀಗದ ಕೈಯೋ, ನಾಯೀನೋ?” ಎಂದರು ಬೀರಯ್ಯನವರು.

“ಮಾತು ಬುದ್ಧಿ. ಒಂದೇ ಒಂದು. ಎಲ್ರೂ ಅಂಗಿ ಬಿಚ್ಚಿ.”

ಅಂಗಿ ಬಿಚ್ಚುವುದು ಪೈಲ್ವಾನರಿಗೆ ಹೊಸದಲ್ಲ, ಬಿಚ್ಚಿದರು. ಚಾಮಯ್ಯ ಒಬ್ಬೊಬ್ಬರ ಬೆನ್ನನ್ನೂ ನೋಡುತ್ತ ಹೋದ. ಬೆನ್ನುಗಳೆಲ್ಲ ತೊಳೆದಿಟ್ಟ ಹರಿವಾಣದಂತೆ ಸ್ವಚ್ಛವಾಗಿದ್ದವು. ಒಬ್ಬನಿಗೆ ಮುಂಗೈಯಲ್ಲಿ ಗುಳ್ಳೆ, ಇನ್ನೊಬ್ಬನಿಗೆ ತೊಡೆಯ ಮೇಲೆ. ಮಹದೇವುಗೆ ಮಾತ್ರ ವಿಚಿತ್ರವಾಗಿ ಕತ್ತಿನ ಹಿಂಭಾಗ ಮತ್ತು ಎರಡೂ ಭುಜ.

“ನಾಯಿ ಮುಟ್ಟಿದ್ಯೇನ್ಲಾ?”

“ಆಂಜನೇಯನಾಣೆ... ಮುಟ್ಲಿಲ್ಲ... ಅಂದ್ರೆ...” ಮಹದೇವು ಪಟದ ಕಡೆ ನೋಡಿ, ಆಣೆಯನ್ನು ಅರ್ಧಕ್ಕೇ ಬಿಟ್ಟ. “ಬಸ್ಕಿ ಹೊಡೆಯೋಕೆ ಮರಳಿನ ಮೂಟೆ ಹರ್ದೋಗಿತ್ತು ಕಣಣ್ಣ. ದಿವಾನ ಸರಿಯಾದ್ ತೂಕ ಇದ್ದ. ಹೆಗಲ ಮೇಲೆ ಕೂರುಸ್ಕೊಂಡೆ. ಅವ್ನೂ ಸುಮ್ಕೆ ಕೂತ್ಕೊತಿದ್ದ.”

ಜಗಲಿಯ ಮೇಲೆ ಮೊದಲ ನಗು ಎದ್ದಿತು. ಆಮೇಲೆ ಒಬ್ಬೊಬ್ಬರಾಗಿ ಬಾಯಿ ಬಿಟ್ಟರು. ಮುಂಗೈಯವನು ದಿನಾ ಸಂಜೆ ತಾನು ಕುಡಿಯುವ ಬಾದಾಮಿ ಹಾಲಿನ ತಳವನ್ನು ಅದಕ್ಕೆ ಕುಡಿಸುತ್ತಿದ್ದನಂತೆ. ತೊಡೆಯವನ ತೊಡೆಯ ಮೇಲೆ ಅದು ಮಲಗುತ್ತಿತ್ತಂತೆ. ತಾನೊಬ್ಬನೇ ಹೀಗೆ ಎಂದು ಪ್ರತಿಯೊಬ್ಬನೂ ತಿಳಿದಿದ್ದ. ಚಾಮಯ್ಯ ಎದೆ ಸೆಟೆಸಿ ನಿಂತ. “ಮಣ್ಣಿಂದ ಅಲ್ಲ, ಮುದ್ದಿಂದ! ಡಾಕ್ಟ್ರು ದುರ್ಬೀನು ಹಾಕಿ ನೋಡಿ ಹೇಳವ್ರೆ. ಮಟ್ಟಿ ಚೊಕ್ಕಟವಾಗೇ ಅದೆ!”

“ಎಲ್ಲಾ ಸರಿ,” ಎಂದು ಬೀರಯ್ಯನವರು ಕೈಯೆತ್ತಿದರು. “ಗರಡಿಯೋರು ನಾಯಿ ಮುಟ್ಟೋದೇ ತಪ್ಪು. ಅದು ಇದ್ದಷ್ಟು ದಿನಾನೂ ಇವ್ರು ಮುಟ್ತಾನೇ ಇರ್ತಾರೆ. ಗಾಡಿ ಹತ್ಲಿ.” ಹೇಳುತ್ತ ಹೇಳುತ್ತ, ಎತ್ತಿದ ಕೈ ತನಗೆ ತಾನೇ ಕೆಳಗಿಳಿದು, ಕೋಟಿನ ಗುಂಡಿಯ ಸಂದಿಯಿಂದ ಒಳಗೆ ತೂರಿ, ಹೊಟ್ಟೆಯನ್ನು ಕೆರೆಯತೊಡಗಿತು.

ಎಲ್ಲರೂ ಆ ಕೈಯನ್ನೇ ನೋಡಿದರು. ಬೀರಯ್ಯನವರೂ ನೋಡಿಕೊಂಡರು.

“ನಂಗೆ ಉಷ್ಣ,” ಎಂದರು.

ಬೀದಿಯಿಂದ ದೇವೀರಮ್ಮನ ದನಿ ಬಂತು. “ಯಜಮಾನ್ರೇ, ಅವನು ದಿನಾ ಸಂಜೆ ನಿಮ್ ಡಿಪೋ ಕಡೆ ಹೋಗಿ, ಹೊಟ್ಟೆ ತುಂಬುಸ್ಕೊಂಡು ಬತ್ತಿದ್ದ. ಮೈ ಮೇಲೆ ನಶ್ಯದ ವಾಸ್ನೆ. ಯಾರ್ ಮಡಿಲಲ್ ಕೂತಿದ್ದ ಅಂತ ನಂಗೊತ್ತಿತ್ತು, ಹೇಳ್ಬಾರ್ದು ಅಂತ ಸುಮ್ನಿದ್ದೆ.”

ಪೈಲ್ವಾನರು ನಗು ತಡೆಯಲಾರದೆ ಗೋಡೆಯ ಕಡೆ ಮುಖ ತಿರುಗಿಸಿದರು. ಬೀರಯ್ಯನವರು ಪೇಟ ಸರಿಮಾಡಿಕೊಂಡರು, ಮತ್ತೆ ತೆಗೆದು ಪಕ್ಕಕ್ಕಿಟ್ಟರು. “ಮನೇಲಿ ಮಾತಾಡೋಕೆ ಯಾರವ್ರೆ ಕಣವ್ವ?” ಎಂದರು ಸಣ್ಣ ದನಿಯಲ್ಲಿ. “ಅದಾದ್ರೂ ಕೂತ್ಕೊಂಡು ಕೇಳ್ತಿತ್ತು. ಆ ಹಾಳು ಕೆರೆತ ಶುರುವಾದ್ಮೇಲೆ ಭಯ ಆಯ್ತು, ಯಾರಿಗಾದ್ರೂ ಗೊತ್ತಾದ್ರೆ ಅಂತ.” ಜಗಲಿಯ ನಗು ನಿಂತಿತು. ಆಮೇಲೆ ಅವರೇ ಗಂಟಲು ಸರಿಪಡಿಸಿಕೊಂಡು ಗದರಿದರು. “ಏನ್ ನೋಡ್ತಿದೀರಯ್ಯ? ನಾಯಿ ಇರ್ಲಿ. ಮದ್ದು ಹಾಕ್ಸಿ. ವಾಸಿ ಆಗೋವರ್ಗೂ ಯಾರೂ ಮುಟ್ಕೂಡ್ದು, ನಾನೂ ಸೇರಿ.”

ದಸರಾ ಹೊತ್ತಿಗೆ ಮಹದೇವುವಿನ ಮೈ ಕನ್ನಡಿಯಂತಾಯಿತು. ಅಖಾಡಕ್ಕೆ ಇಳಿದ, ಮಂಡ್ಯದವನ ಕೈಯಲ್ಲಿ ಅಂಗಾತ ಬಿದ್ದ. ಆ ಸೋಲಿಗೆ ಕಾರಣ ಉಷ್ಣ ಎಂದು ಚಾಮಯ್ಯ ಕೊನೆಯವರೆಗೂ ಹೇಳಿಕೊಂಡು ಬಂದ. ಅದು ಮುಂದಿನ ಮಾತು.

ಆ ಸೋಮವಾರ ಸಂಜೆ ಮನೆಗೆ ಬಂದ ಚಾಮಯ್ಯನ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಮಟ್ಟಿಯೂ ಉಳಿಯಿತು, ನಾಯಿಯೂ ಉಳಿಯಿತು. ಹಿತ್ತಲಲ್ಲಿ ಬರಿಮೈಯಲ್ಲಿ ನಿಂತು, ಬಿಸಿನೀರು ಹುಯ್ಯುತ್ತಿದ್ದ ಹೆಂಡತಿಯ ಮುಂದೆ ತೋಳು ಚಾಚಿದ. “ನೋಡೇ. ಇಡೀ ಗರಡೀಲಿ ಒಂದೇ ಒಂದು ಗುಳ್ಳೆ ಇಲ್ದೇ ಇರೋ ಮೈ ಅಂದ್ರೆ ನಂದೊಂದೇ. ಯಾರು ಏನಾರ ಅಂದ್ಕೊಳ್ಲಿ, ಇದು ಮಟ್ಟಿ ಮಹಿಮೆ.”

ದೇವೀರಮ್ಮ ಚೊಂಬನ್ನು ಹಂಡೆಯಲ್ಲಿ ಅದ್ದಿದಳು. “ಮಟ್ಟಿ ಮಹಿಮೆ ಅಲ್ಲ ಕಣ್ರೀ. ಅವನು ಬಂದು ಎರಡು ವರ್ಷ ಆಯ್ತು. ಆ ಯಜಮಾನ್ರೂ ಕದ್ದು ಎತ್ಕೊಂಡ್ರು. ನೀವೊಬ್ರೇ ಒಂದಿನಾನೂ ಎತ್ಕೊಳ್ಲಿಲ್ಲ.”

ಕೋಪದಿಂದ ಹೇಳಿದ ಮಾತಲ್ಲ. ಹೇಳಿ ನೀರು ಹುಯ್ದಳು, ಬೆನ್ನು ಉಜ್ಜಿದಳು, ಎಂದಿನಂತೆ ಒಳಗೆ ಹೋದಳು. ಚಾಮಯ್ಯ ಮೈ ಒರೆಸಿಕೊಳ್ಳುವುದನ್ನು ಮರೆತು ಅಲ್ಲೇ ನಿಂತಿದ್ದ. ಜೀವಮಾನದಲ್ಲಿ ಎಷ್ಟೋ ಜನರನ್ನು ಗಟ್ಟಿಯಾಗಿ ಹಿಡಿದಿದ್ದ. ಅದರಲ್ಲಿ ಒಬ್ಬರನ್ನಾದರೂ ಸುಮ್ಮನೆ, ಕೆಡವುವ ಯೋಚನೆಯಿಲ್ಲದೆ ಹಿಡಿದದ್ದು ಅವನಿಗೆ ನೆನಪಾಗಲಿಲ್ಲ. ಅವಳು ಎರಡು ಸಲ ಕೈ ಚಾಚಿ ಗುಳ್ಳೆ ತೋರಿಸಿದಾಗಲೂ ಆ ಕೈಯನ್ನು ಮುಟ್ಟಿ ನೋಡಿರಲಿಲ್ಲ. ಅವನಿಗೆ ನಾಚಿಕೆಯಾಯಿತು.

ಮದ್ದು ಹಾಕುವ ಕೆಲಸ ಅವನ ಪಾಲಿಗೇ ಬಂತು. ದೇವೀರಮ್ಮನ ಕೈ ವಾಸಿಯಾಗುವವರೆಗೆ ಅವಳು ನಾಯಿ ಮುಟ್ಟಬಾರದೆಂದು ಡಾಕ್ಟರು ಹೇಳಿದ್ದರು. ಕೂದಲು ಕತ್ತರಿಸಬೇಕು, ಸೋಪು ಹಾಕಿ ಹಕ್ಕಳೆ ನೆನೆಸಿ ತೊಳೆಯಬೇಕು, ಒಣಗಿದ ಮೇಲೆ ಹೊಂಗೆ ಎಣ್ಣೆಯಲ್ಲಿ ಕಲಸಿದ ಗಂಧಕವನ್ನು ಇವತ್ತು ಅರ್ಧ ಮೈಗೆ, ನಾಳೆ ಇನ್ನರ್ಧಕ್ಕೆ ಹಚ್ಚಬೇಕು. ನೆಕ್ಕದಂತೆ ನೋಡಿಕೊಳ್ಳಬೇಕು, ಮಲಗುವ ಗೋಣಿಯನ್ನು ಕುದಿಸಿ ಬಿಸಿಲಿಗೆ ಹಾಕಬೇಕು. ವಾಸಿಯಾದಂತೆ ಕಂಡರೂ ವಾರಗಟ್ಟಲೆ ಬಿಡುವಂತಿಲ್ಲ.

ಮೊದಲ ದಿನ ಚಾಮಯ್ಯ ಕುಸ್ತಿಯ ನೇಮದಂತೆಯೇ ಹೊರಟ. ಲಂಗೋಟಿ ಬಿಗಿದು, ತೊಡೆ ತಟ್ಟಿ, ದಿವಾನನ ಎದುರು ನಿಂತ. ಹಿಂದಿನಿಂದ ಹಿಡಿದ, ಎಣ್ಣೆಯ ಕೈ ಜಾರಿತು. ಸೊಂಟಕ್ಕೆ ಕೈ ಹಾಕಿದ, ದಿವಾನ ಕಾಲಸಂದಿಯಿಂದ ತೂರಿಹೋದ. ಮಂಡ್ಯ, ಮದ್ದೂರು, ನಂಜನಗೂಡಿನ ಪೈಲ್ವಾನರು ಬಿಡಿಸಿಕೊಳ್ಳಲಾರದ ಹಿಡಿತವನ್ನು ಕಜ್ಜಿನಾಯಿಯೊಂದು ಹಿತ್ತಲ ತುಂಬ ಓಡಾಡಿ ಬಿಡಿಸಿಕೊಂಡಿತು. ಗೋಡೆಯ ಮೇಲೆ ಕೂತು ನೋಡುತ್ತಿದ್ದ ಮಹದೇವು ಸಮ ಎಂದು ಕೂಗಿದ. ಚಾಮಯ್ಯನ ಮೈಗೆ ಹತ್ತಿದಷ್ಟು ಗಂಧಕ ನಾಯಿಗೆ ಹತ್ತಿರಲಿಲ್ಲ.

ಮಹದೇವು ಎದ್ದು ಹೋದ ಮೇಲೆ ಚಾಮಯ್ಯ ಸುಸ್ತಾಗಿ ಒಗೆಯುವ ಕಲ್ಲಿನ ಮೇಲೆ ಕೂತ. ದಿವಾನ ದೂರ ನಿಂತು ಕೆರೆದುಕೊಂಡ, ಅವನನ್ನು ನೋಡಿದ, ಮತ್ತೆ ಕೆರೆದುಕೊಂಡ. “ಬಾರಪ್ಪ,” ಎಂದ ಚಾಮಯ್ಯ. ಅವನು ಅದನ್ನು ಹಾಗೆ ಕರೆದದ್ದು ಅದೇ ಮೊದಲು. ದಿವಾನ ನಿಧಾನವಾಗಿ ಬಂದು ಅವನ ಕಾಲ ಬಳಿ ನಿಂತ. ಚಾಮಯ್ಯ ಬಗ್ಗಿ, ಹೊಟ್ಟೆಯ ಕೆಳಗೊಂದು ಕೈ, ಎದೆಯ ಕೆಳಗೊಂದು ಕೈ ಕೊಟ್ಟು, ಎತ್ತಿ ಮಡಿಲಿಗೆ ಹಾಕಿಕೊಂಡ. ಎಷ್ಟು ಹಗುರ ಎಂದು ಆಶ್ಚರ್ಯವಾಯಿತು. ನಾಯಿ ಜಾರಲಿಲ್ಲ. ಉಸಿರು ಬಿಟ್ಟು ಮೂತಿಯನ್ನು ಅವನ ಮೊಣಕೈಯ ಸಂದಿಯಲ್ಲಿ ತೂರಿಸಿತು. ಅವನು ಕಿವಿಯಂಚಿಗೆ ಎಣ್ಣೆ ಸವರಿದ, ಅದರ ಹಿಂಗಾಲು ಅವನ ತೊಡೆಯ ಮೇಲೆ ಪರಪರ ಬಡಿಯಿತು. ಚಾಮಯ್ಯ ಒಬ್ಬನೇ ನಕ್ಕ.

ಆ ವಾರ ದಿನವೂ ಹೊತ್ತಿಳಿಯುವ ಮುಂಚೆ ಇದೇ ಕೆಲಸ. ಹಚ್ಚಿ ಮುಗಿದರೂ, ನೆಕ್ಕಿಬಿಡುತ್ತದೆ ಎಂಬ ನೆವದಲ್ಲಿ ಅವನು ಅದನ್ನು ಇಳಿಸುತ್ತಿರಲಿಲ್ಲ. ಗರಡಿಯ ದೀಪ ಹಚ್ಚುವುದಕ್ಕೆ ತಡವಾಗುತ್ತಿತ್ತು. ಸ್ನಾನ ಮಾಡಿ ಹೋಗುತ್ತಿದ್ದ.

ಒಂದು ಬೆಳಿಗ್ಗೆ ಕಾಫಿಯ ಲೋಟ ಹಿಡಿದು ಕೂತಿದ್ದಾಗ ಅವನ ಎಡಗೈ ಬಲ ಮುಂಗೈಯನ್ನು ಕೆರೆಯುತ್ತಿತ್ತು. ದೇವೀರಮ್ಮ ಒಲೆಯ ಮುಂದಿನಿಂದ ಎದ್ದು ಬಂದಳು. ಕೈ ಹಿಡಿದು ಬೆಳಕಿಗೆ ತಿರುಗಿಸಿದಳು. ಒಳಬದಿಯಲ್ಲಿ ಸಣ್ಣ ಕೆಂಪು ಗುಳ್ಳೆಗಳು, ಅವಳ ಕೈಯಲ್ಲಿದ್ದ ಜಾಗದಲ್ಲೇ.

ಅವನು ಕಾಫಿ ಕೆಳಗಿಟ್ಟ.

“ನಾನೂ ಎತ್ಕೊಂಡೆ ಕಣೇ,” ಎಂದ.

ದೇವೀರಮ್ಮ ಆ ಕೈಯನ್ನು ಬಿಡಲಿಲ್ಲ. ಚಾಮಯ್ಯನೂ ಬಿಡಿಸಿಕೊಳ್ಳಲಿಲ್ಲ. ಅವಳ ಗುಳ್ಳೆಗಳು ಮಾಸುತ್ತ ಬಂದಿದ್ದವು. ಅವುಗಳ ಮೇಲೆ ಅವನು ಬೆರಳಿಟ್ಟು, ಮೊದಲ ಸಲ, ನೋವಿದೆಯಾ ಎಂದು ಕೇಳಿದ.